ಇಲ್ಲದ ಕೊಡಲಿಯನ್ನು ಹುಡುಕುತ್ತಿರುವ ಠಾಣಾಧಿಕಾರಿಗಳಿಗೆ

ಮಾನ್ಯ ಠಾಣಾಧಿಕಾರಿಗಳೇ,

ತಾವು ಆರು ತಿಂಗಳಿಂದ ಹುಡುಕುತ್ತಿರುವ ಕೊಡಲಿ ಈ ಭೂಮಿಯ ಮೇಲೆ ಇಲ್ಲ. ಅದನ್ನು ಯಾವ ಕಮ್ಮಾರನೂ ಮಾಡಿಲ್ಲ. ಮಾಡಿದವನು ನಾನು. ದೇವದುರ್ಗದ ಬೇವಿನ ಮರದ ಕೆಳಗೆ ಕುಳಿತು, ನೀಲಿ ಪೆನ್ನಿನಿಂದ, ಎರಡು ಸಾಲಿನಲ್ಲಿ ಮಾಡಿ ಮುಗಿಸಿದೆ. ಈ ಮಾತನ್ನು ತಮ್ಮ ಎದುರಿಗೇ ನಿಂತು ಎರಡು ಸಲ ಹೇಳಿದ್ದೇನೆ. ತಾವು ಕೇಳಿಸಿಕೊಳ್ಳಲಿಲ್ಲ. ಆದ್ದರಿಂದ ಈಗ ಜಿಲ್ಲೆಗೆಲ್ಲ ಕೇಳುವ ಹಾಗೆ ಹೇಳುತ್ತಿದ್ದೇನೆ: ಆ ಕೊಡಲಿಯ ಬೆನ್ನು ಬಿಡಿ, ಕುರಿ ಕಾಯುವ ಬೂದೆಪ್ಪನ ಬೆನ್ನನ್ನೂ ಬಿಡಿ.

ತಮ್ಮ ಹೆಸರನ್ನಾಗಲಿ ಠಾಣೆಯ ಹೆಸರನ್ನಾಗಲಿ ಇಲ್ಲಿ ಬರೆಯುವುದಿಲ್ಲ. ದೇವದುರ್ಗಕ್ಕೂ ಮಾನ್ವಿಗೂ ನಡುವಿನ ಒಂದು ಊರು ಎಂದರೆ ಸಾಕು. ನನ್ನ ಹೆಸರು ಬರೆಯಲು ಅಡ್ಡಿಯಿಲ್ಲ. ನಾನು ವಿದ್ಯಾಧೀಶ, ಅರ್ಜಿ ಬರೆಯುವವನು. ನಮ್ಮದು ಮೂರು ತಲೆಮಾರಿನ ಕಸುಬು. ನಿಜಾಮರ ಕಾಲದಲ್ಲಿ ನಮ್ಮ ಅಜ್ಜ ಮಾನ್ವಿಯಲ್ಲಿ ಕುಳಿತು ಉರ್ದುವಿನಲ್ಲಿ ಅರ್ಜಿ ಬರೆಯುತ್ತಿದ್ದರು. ಅವರ ಅರ್ಜಿಗಳಲ್ಲಿ ಆರೋಪಿಯ ಕೈಯಲ್ಲಿ ಕುಲ್ಹಾಡಿ ಇರುತ್ತಿತ್ತು. ನಮ್ಮ ತಂದೆ ಕನ್ನಡದಲ್ಲಿ ಬರೆದರು, ಕುಲ್ಹಾಡಿ ಹೋಗಿ ಕೊಡಲಿ ಬಂತು. ನಾನು ಮಾನ್ವಿ ಬಿಟ್ಟು ದೇವದುರ್ಗಕ್ಕೆ ಬಂದಾಗ ಮೇಜು, ಕುರ್ಚಿ, ಶಾಯಿಪ್ಯಾಡುಗಳ ಜೊತೆ ಆ ಕೊಡಲಿಯನ್ನೂ ತಂದೆ. ಮೂವತ್ತೊಂದು ವರ್ಷಗಳಲ್ಲಿ ಈ ತಾಲೂಕಿನ ಅರ್ಧದಷ್ಟು ಜನರ ಕೈಗೆ ಅದನ್ನು ಕೊಟ್ಟಿದ್ದೇನೆ, ಒಂದು ಹನಿ ರಕ್ತವೂ ಬಿದ್ದಿಲ್ಲ.

ಯಾಕೆ ಹೀಗೆ ಎಂದು ತಾವು ಕೇಳಬಹುದು. ಕೇಳಬೇಕಾದ ಪ್ರಶ್ನೆಯೇ. ನಾನೂ ಒಂದು ಕಾಲದಲ್ಲಿ ಸತ್ಯ ಬರೆಯುತ್ತಿದ್ದೆ. ಹೊಸದರಲ್ಲಿ ಬಡೇಬೀ ಎಂಬ ಮುದುಕಿ ಕೋಳಿ ಕಳುವಾಗಿದೆ ಎಂದು ಬಂದಳು. ಕೋಳಿ ಕಳುವಾಗಿದೆ ಎಂದಷ್ಟೇ ಬರೆದುಕೊಟ್ಟೆ. ಒಂದು ತಾಸಿನಲ್ಲಿ ವಾಪಸು ಬಂದಳು. "ಹೊಡದಾಟ ಆಗೇದೇನು ಅಂತ ಕೇಳಿದ್ರಪಾ. ಇಲ್ರೀ ಅಂದೆ. ಹಂಗಾರ ಮನಿಗಿ ಹೋಗು ಅಂದ್ರು" ಎಂದಳು. ಹೊಸ ಹಾಳೆ ತೆಗೆದು, ಕಳ್ಳನು ಕೈಯಲ್ಲಿ ಕೊಡಲಿ ಹಿಡಿದು ಬಂದು ಸದರಿ ಕೋಳಿಯನ್ನು ಅಪಹರಿಸಿದನೆಂದು ಬರೆದೆ. ಸಂಜೆಯೊಳಗೆ ಇಬ್ಬರು ಪೇದೆಗಳು ಸೈಕಲ್ಲಿನಲ್ಲಿ ಬಂದರು, ಕೋಳಿ ಸಿಕ್ಕಿತು. ಅಂದಿನಿಂದ ಕೊಡಲಿ ಇಲ್ಲದೆ ನಾನು ಅರ್ಜಿ ಬರೆದಿಲ್ಲ. ಪಡಿತರ ಚೀಟಿಯ ತಿದ್ದುಪಡಿಯೊಂದನ್ನು ಬಿಟ್ಟು ಎಲ್ಲದರಲ್ಲೂ ಹಾಕಿದ್ದೇನೆ.

ತಮಗಿಂತ ಮುಂಚೆ ಇದ್ದವರಿಗೆ ಇದು ಗೊತ್ತಿತ್ತು. ಹಳೆಯ ಹವಾಲ್ದಾರರೊಬ್ಬರು ನನ್ನ ಅಕ್ಷರ ಕಂಡ ಕೂಡಲೇ ಅರ್ಜಿ ತಂದವನನ್ನು, "ಆಚಾರ್ರ ಕೊಡ್ಲಿ ಬಿಟ್ಟು ಇದರಾಗ ಏನದ, ಅಷ್ಟ ಹೇಳು" ಎಂದು ಕೇಳುತ್ತಿದ್ದರು. ಅವನು ಹೇಳುತ್ತಿದ್ದ. ಎರಡೂ ಕಡೆಯವರಿಗೆ ಚಹ ಕುಡಿಸಿ ಕಳಿಸುತ್ತಿದ್ದರು. ಈ ವ್ಯವಸ್ಥೆ ಸುಸೂತ್ರವಾಗಿ ನಡೆದಿತ್ತು. ಈ ವರ್ಷ ತಾವು ಬಂದಿರಿ. ಬರೆದದ್ದನ್ನು ಬರೆದ ಹಾಗೆಯೇ ನಂಬುವ ಅಧಿಕಾರಿಯೊಬ್ಬರು ಇಷ್ಟು ದೂರದ ನಮ್ಮ ಸೀಮೆಗೆ ಬರುತ್ತಾರೆಂದು ನಾನು ಕನಸಿನಲ್ಲಿಯೂ ಎಣಿಸಿರಲಿಲ್ಲ.

ಇನ್ನು ಮೂಲ ಜಗಳಕ್ಕೆ ಬರುತ್ತೇನೆ. ತಾವು ಹಳೇ ಮೈಸೂರಿನ ಕಡೆಯವರು, ಕುರಿ ತರುಬುವುದು ಎಂದರೇನೆಂದು ಆರು ತಿಂಗಳಾದರೂ ತಮಗೆ ತಿಳಿದಂತಿಲ್ಲ. ನಮ್ಮಲ್ಲಿ ಬಿತ್ತನೆಗೆ ಮುಂಚೆ ರೈತರು ಕುರುಬರ ಹಿಂಡನ್ನು ಕರೆದು ರಾತ್ರಿ ತಮ್ಮ ಹೊಲದಲ್ಲಿ ಕೂರಿಸುತ್ತಾರೆ. ಕುರಿಗಳು ಮಲಗಿದ ಕಡೆ ಗೊಬ್ಬರ ಬೀಳುತ್ತದೆ, ಬೆಳೆ ಚೆನ್ನಾಗಿ ಬರುತ್ತದೆ. ವೈಶಾಖದಲ್ಲಿ ಪ್ರಭುರಾಜ ಎಂಬ ರೈತ ತನ್ನ ಹೊಲದಲ್ಲಿ ಮೂರು ರಾತ್ರಿ ಕುರಿ ತರುಬಲು ಬೂದೆಪ್ಪನಿಗೆ ಹೇಳಿದ್ದ. ಬೂದೆಪ್ಪ ಹಿಂಡು ಹೊಡೆದುಕೊಂಡು ಬರುವಾಗ ಸಂಜೆಯಾಗಿತ್ತು. ಹಿಂಡಿನ ಮುಂದಿದ್ದ ಟಗರು ಒಡ್ಡು ದಾಟಿ ಪಕ್ಕದ ಹೊಲದಲ್ಲಿ ಹೋಗಿ ಮಲಗಿತು. ಟಗರು ಮಲಗಿದಲ್ಲಿ ನೂರಾ ನಲವತ್ತು ಕುರಿಗಳೂ ಮಲಗಿದವು. ಮಲಗಿದ ಹಿಂಡನ್ನು ಕತ್ತಲಲ್ಲಿ ಎಬ್ಬಿಸಿದರೆ ಮರಿಗಳು ಕಾಲಡಿ ಸಿಗುತ್ತವೆ ಎಂದು ಬೂದೆಪ್ಪ ಸುಮ್ಮನಿದ್ದ. ಆ ಪಕ್ಕದ ಹೊಲ ಪ್ರಭುರಾಜನ ದಾಯಾದಿ ಹನುಮಂತ್ರಾಯನದು. ಅವರಿಬ್ಬರೂ ಹನ್ನೊಂದು ವರ್ಷದಿಂದ ಒಬ್ಬರ ಮುಖ ಒಬ್ಬರು ನೋಡಿಲ್ಲ.

ಬೆಳಿಗ್ಗೆ ಪ್ರಭುರಾಜ ಬಂದು ನೋಡಿದರೆ ದಾಯಾದಿಯ ಹೊಲದ ತುಂಬ ಹಿಕ್ಕೆ, ತನ್ನ ಹೊಲ ಒರೆಸಿಟ್ಟ ಹಾಗಿದೆ. "ನಮ್ಮ ಹೊಲದಾಗ ಏನು ಮುಳ್ಳು ಹಾಸಿದ್ನೇನಲೇ?" ಎಂದು ಕೂಗಾಡಿದ. "ಟಗರು ಕುಂತಿತ್ರೀ, ನಾನೇನು ಮಾಡ್ಲಿ? ನೀವಾ ಕೇಳ್ರಿ ಅದನ್ನ" ಎಂದ ಬೂದೆಪ್ಪ. ಇಡೀ ಪ್ರಕರಣದಲ್ಲಿ ಅವಾಚ್ಯ ಎನ್ನಬಹುದಾದ ಮಾತು ಇದೊಂದೇ. ಪ್ರಭುರಾಜ ಕುದಿಯುತ್ತ ಬಸ್ಸು ಹತ್ತಿ ನನ್ನ ಮೇಜಿಗೆ ಬಂದ.

ಅಂದು ಏಕಾದಶಿ. ನನಗೆ ನೀರೂ ಇಲ್ಲದ ಉಪವಾಸ. ಬೇರೆ ದಿನವಾಗಿದ್ದರೆ ಬರೀ ಕೊಡಲಿ ಎಂದು ಬರೆದು ಬಿಡುತ್ತಿದ್ದೆ. ಹಸಿದ ಹೊಟ್ಟೆಯಲ್ಲಿ ನನ್ನ ಕೈ ಸ್ವಲ್ಪ ಹೆಚ್ಚು ಓಡುತ್ತದೆ. "ಸದರಿ ಆರೋಪಿಯು ಉದ್ದನೆಯ ಹಿಡಿಯುಳ್ಳ ಹರಿತವಾದ ಕೊಡಲಿಯನ್ನು ಝಳಪಿಸುತ್ತಾ, ಜೀವಸಹಿತ ಬಿಡುವುದಿಲ್ಲವೆಂದು ಬೆದರಿಕೆ ಹಾಕಿ, ಸದರಿ ಕುರಿಗಳನ್ನು ನನ್ನ ದಾಯಾದಿಯ ಹೊಲದಲ್ಲಿ ತರುಬಿರುತ್ತಾನೆ" ಎಂದು ಬರೆದೆ. ಓದಿ ಹೇಳಿದಾಗ ಪ್ರಭುರಾಜನೇ ಗಾಬರಿಯಾದ. "ಆಚಾರ್ರ, ಈ ಕೊಡ್ಲಿ ಎಲ್ಲಿಂದ ಬಂತ್ರೀ?" ಎಂದು ಕೇಳಿದ. "ಅದು ಇರ್ತದಪಾ, ನೀ ಸಹಿ ಮಾಡು" ಎಂದೆ. ಮಾಡಿದ. ಅವನಿಗೆ ಬೇಕಾಗಿದ್ದದ್ದು ಮೂರು ರಾತ್ರಿಯ ಗೊಬ್ಬರ ಮಾತ್ರ.

ಆ ಮೂರು ರಾತ್ರಿಗಳನ್ನು ಬೂದೆಪ್ಪ ಮರುದಿನದಿಂದಲೇ ಕೊಟ್ಟ. ಎರಡು ರಾತ್ರಿ ಹೆಚ್ಚಿಗೆಯೇ ಕೊಟ್ಟ. ಟಗರಿನ ಕಾಲಿಗೆ ಹಗ್ಗ ಕಟ್ಟಿ ಪ್ರಭುರಾಜನ ಹೊಲದ ನಟ್ಟನಡುವೆ ಮಲಗಿಸಿದ. ಇಬ್ಬರೂ ಒಂದೇ ಗಂಗಾಳದಲ್ಲಿ ರೊಟ್ಟಿ ಮುರಿದು ತಿಂದರು. ಜಗಳ ಅಲ್ಲಿಗೆ ಮುಗಿಯಿತು, ಮಾನ್ಯರೇ. ಮುಗಿದ ಮೇಲೆ ತಮ್ಮ ತನಿಖೆ ಆರಂಭವಾಯಿತು.

ಬೂದೆಪ್ಪ ನನಗಿಂತ ನಾಲ್ಕು ವರ್ಷ ಚಿಕ್ಕವನು, ಬಹಳ ದಿನದ ಪರಿಚಯ, ಅದಕ್ಕೆ ನಾನು ಅವನನ್ನು ಏಕವಚನದಲ್ಲಿ ಕರೆಯುತ್ತೇನೆ. ತಮ್ಮ ಠಾಣೆಯ ಏಕವಚನ ಬೇರೆ ಜಾತಿಯದು. "ಎಲ್ಲಯ್ಯಾ ಕೊಡ್ಲಿ?" ಎಂದು ತಾವು ಮೊದಲ ದಿನ ಕೇಳಿದಿರಂತೆ. "ಕೊಡ್ಲಿ ಇಲ್ರೀ ಸಾಹೇಬ್ರ, ಬಡಿಗಿ ಅದ. ಅದು ಕುರಿ ಕಾಯೋದು" ಎಂದನಂತೆ. "ದೂರಿನಲ್ಲಿ ಇದೆ ಅಂದಮೇಲೆ ಎಲ್ಲೋ ಇರಲೇಬೇಕು. ನಾಳೆ ತಗೊಂಡು ಬಾ" ಎಂದಿರಂತೆ. ಎಫ್‌ಐಆರ್ ಇಲ್ಲ, ನೋಟಿಸ್ ಇಲ್ಲ, ಸಾಕ್ಷಿ ಇಲ್ಲ. ಕೇಳಿದರೆ "ಅರ್ಜಿ ವಿಚಾರಣೆ" ಎಂಬ ಉತ್ತರ. ಇದೇ ಹೆಸರಿನಲ್ಲಿ ಅವನನ್ನು ನಲವತ್ಮೂರು ಸಲ ಠಾಣೆಗೆ ಕರೆಸಿದ್ದೀರಿ. ಬೆಳಿಗ್ಗೆ ಹತ್ತಕ್ಕೆ ಬಾ ಎನ್ನುವುದು, ಸಂಜೆ ಐದರವರೆಗೆ ಬೆಂಚಿನ ಮೇಲೆ ಕೂರಿಸುವುದು, ನಾಳೆ ಬಾ ಎನ್ನುವುದು. ನಲವತ್ಮೂರು ದಿನ ಒಬ್ಬ ಮನುಷ್ಯನನ್ನು ಕೂರಿಸಿಕೊಂಡು ತಾವು ಏನು ಕಂಡುಹಿಡಿದಿರಿ? ಆ ಬೆಂಚಿನ ಒಂದು ಕಾಲು ಗಿಡ್ಡ ಎಂಬುದನ್ನು ಬೂದೆಪ್ಪ ಕಂಡುಹಿಡಿದ, ಕಲ್ಲು ಕೊಟ್ಟು ಸರಿ ಮಾಡಿದ. ಆ ಠಾಣೆಯಲ್ಲಿ ಈ ವಿಷಯದಲ್ಲಿ ಆಗಿರುವ ಕೆಲಸ ಅಷ್ಟೇ.

ಹನ್ನೆರಡನೇ ಸಲಕ್ಕೋ ಹದಿಮೂರನೇ ಸಲಕ್ಕೋ ಬೂದೆಪ್ಪ ಸಾಕಾಗಿ, ಕೇಳುತ್ತಿದ್ದಾರಲ್ಲ ಕೊಟ್ಟುಬಿಡೋಣ ಎಂದು ಸಂತೆಯಲ್ಲಿ ಒಂದು ಕೊಡಲಿ ಕೊಂಡು ತಂದ. ತಾವು ಅರ್ಜಿಯನ್ನೂ ಕೊಡಲಿಯನ್ನೂ ಅಕ್ಕಪಕ್ಕ ಇಟ್ಟು ನೋಡಿದಿರಿ. "ಹಿಡಿ ಗಿಡ್ಡ" ಎಂದಿರಿ. ಅವನು ಉದ್ದನೆಯ ಹಿಡಿ ಹಾಕಿಸಿಕೊಂಡು ಬಂದ. "ಹರಿತ ಇಲ್ಲ" ಎಂದಿರಿ. ಅವನು ಸಾಣೆ ಹಿಡಿಸಿಕೊಂಡು, ಉದ್ದನೆಯ ಹಿಡಿಯುಳ್ಳ ಹರಿತವಾದ ಕೊಡಲಿಯನ್ನು ಹೆಗಲ ಮೇಲೆ ಹೊತ್ತು ಠಾಣೆಯ ಕಡೆ ನಡೆದು ಬರುವಾಗ, ಗೇಟಿನಲ್ಲಿದ್ದ ತಮ್ಮ ಪೇದೆ ಅವನನ್ನು ಮಾರಕಾಸ್ತ್ರ ಸಹಿತ ಠಾಣೆಯ ಮೇಲೆ ಬರುತ್ತಿದ್ದಾನೆಂದು ಹಿಡಿದು ಒಳಗೆ ಕೂರಿಸಿದರು. ಸಂಜೆ ಬಿಟ್ಟು ಕಳಿಸುವಾಗ ತಾವು, "ಇದು ಹೊಸದು ಕಣಯ್ಯ, ನನಗೆ ಆ ಕೊಡ್ಲಿ ಬೇಕು" ಎಂದಿರಿ. ಆ ಕೊಡಲಿ ಎಂದರೆ ನನ್ನ ಕೊಡಲಿ. ನನ್ನ ಬರವಣಿಗೆಗೆ ಇಷ್ಟು ಮರ್ಯಾದೆಯನ್ನು ನನ್ನ ಹೆಂಡತಿ ತುಂಗಾಬಾಯಿಯೂ ಕೊಟ್ಟಿಲ್ಲ.

ಸಂತೆಯ ಕೊಡಲಿಯನ್ನಾದರೂ ವಾಪಸು ಕೊಟ್ಟಿರಾ? ಅದೂ ಇಲ್ಲ. ಅದು ಪ್ರಕರಣದ ಕೊಡಲಿ ಅಲ್ಲವೆಂದ ಮೇಲೆ ಠಾಣೆಯಲ್ಲಿ ಅದಕ್ಕೇನು ಕೆಲಸ? ಆಯುಧ ಪೂಜೆಯ ದಿನ ತಮ್ಮ ಬಂದೂಕುಗಳ ಸಾಲಿನಲ್ಲಿ ಅದಕ್ಕೂ ಅರಿಶಿನ ಕುಂಕುಮ ಹಚ್ಚಿ, ಚೆಂಡುಹೂವು ಮುಡಿಸಿ ಇಟ್ಟಿದ್ದಿರಿ. ಅಂದೂ ಬೆಂಚಿನ ಮೇಲಿದ್ದ ಬೂದೆಪ್ಪನಿಗೆ ಪ್ರಸಾದ ಕೊಟ್ಟು ಕಳಿಸಿದಿರಿ. ಚುರಮುರಿಯಲ್ಲಿ ಪುಟಾಣಿ ಜಾಸ್ತಿ ಹಾಕಿದ್ದರು ಎಂದು ಅವನು ನನ್ನ ಮುಂದೆ ಹೊಗಳಿದ. ಅಂಥ ಮನುಷ್ಯ ಅವನು, ಮಾನ್ಯರೇ. ಅವನ ಮೇಲೆ ಸಿಟ್ಟು ಮಾಡುವುದು ಹೇಗೆ ಎಂದು ತಮಗೆ ಯಾರು ಕಲಿಸಿದರೋ ತಿಳಿಯದು.

ಪ್ರಭುರಾಜನ ಕಥೆ ಇನ್ನೂ ಚೆನ್ನಾಗಿದೆ. ಅವನು ಅರ್ಜಿ ವಾಪಸು ತೆಗೆದುಕೊಳ್ಳುತ್ತೇನೆ ಎಂದು ಬಂದ. "ಕೊಡ್ಲಿ ನೋಡಿದ್ದೀಯೋ ಇಲ್ಲವೋ?" ಎಂದು ತಾವು ಕೇಳಿದಿರಿ. ನೋಡಿದ್ದೇನೆ ಎಂದರೆ ಬೂದೆಪ್ಪನನ್ನು ಒಳಗೆ ಹಾಕುತ್ತೀರಿ, ನೋಡಿಲ್ಲ ಎಂದರೆ ಸುಳ್ಳು ದೂರು ಕೊಟ್ಟಿದ್ದಕ್ಕೆ ಅವನನ್ನೇ ಒಳಗೆ ಹಾಕುತ್ತೀರಿ. ಅವನು ಕಣ್ಣು ಉಜ್ಜಿಕೊಳ್ಳುತ್ತ, "ನನಗ ಕಣ್ಣು ಸರಿ ಕಾಣಾಂಗಿಲ್ರೀ" ಎಂದ. ತಾವು ಕಣ್ಣಿನ ಡಾಕ್ಟರ ಚೀಟಿ ತಾ ಎಂದಿರಿ. ಅಂದಿನಿಂದ ಅವನೂ ಬರಬೇಕಾಯಿತು. ದೂರು ಕೊಟ್ಟವನು, ದೂರಿಗೆ ಸಿಕ್ಕವನು ಇಬ್ಬರೂ ಒಂದೇ ಬೆಂಚಿನ ಮೇಲೆ, ಒಂದೇ ಬುತ್ತಿ ಬಿಚ್ಚಿಕೊಂಡು ದಿನಗಟ್ಟಲೆ ಕುಳಿತರು. ಹೊರಗಿನಿಂದ ನೋಡಿದವರು ಬೀಗರೆಂದು ತಿಳಿದರು.

ಕೊನೆಗೆ ಇಬ್ಬರನ್ನೂ ಕರೆದುಕೊಂಡು ನಾನೇ ರಾಯಚೂರಿಗೆ ಹೋದೆ. ಅಲ್ಲಿ ವಕೀಲೆ ಪ್ರಿಯದರ್ಶಿನಿಯವರು ಕಾಗದಗಳನ್ನೆಲ್ಲ ಓದಿ ತಲೆ ಎತ್ತಿ, "ಈ ಕೊಡ್ಲಿ ಯಾರು ಬರದದ್ದು?" ಎಂದು ಕೇಳಿದರು. ಬೂದೆಪ್ಪ, ಪ್ರಭುರಾಜ ಇಬ್ಬರೂ ಒಟ್ಟಿಗೆ ನನ್ನ ಕಡೆ ಕೈ ತೋರಿಸಿದರು. ಆ ಹೆಣ್ಣುಮಗಳು ನನ್ನ ಮಗಳ ವಯಸ್ಸಿನವರು. "ನಿಮ್ಮ ಅರ್ಜಿ ಓದಿದ್ರ ದೇವದುರ್ಗದಾಗ ಜನ ಚಮಚಾ ಬಿಟ್ಟು ಕೊಡ್ಲೀಲೆ ಉಣ್ತಾರ ಅನಿಸ್ತದ ಆಚಾರ್ರ" ಎಂದರು. ಬಳಿಕ ಕಲಬುರಗಿಯ ಉಚ್ಚ ನ್ಯಾಯಾಲಯದ ಪೀಠಕ್ಕೆ ಎರಡು ರಿಟ್ ಅರ್ಜಿಗಳು ಹೋದವು. ವಿಚಾರಣೆಯ ಹೆಸರಿನಲ್ಲಿ ಪೊಲೀಸರು ಕಿರುಕುಳ ಕೊಡುತ್ತಿದ್ದಾರೆ ಎಂದು ಒಂದು ಬೂದೆಪ್ಪನದು. ಅದನ್ನೇ ಹೇಳುವ ಇನ್ನೊಂದು ಪ್ರಭುರಾಜನದು. ಎರಡಕ್ಕೂ ಕನ್ನಡದ ಟಿಪ್ಪಣಿ ಬರೆದುಕೊಟ್ಟವನು ನಾನು. ಎರಡರಲ್ಲೂ ತಮ್ಮ ಕೈಗೆ ಕೊಡಲಿ ಕೊಡದಿರಲು ನಾನು ಪಟ್ಟ ಕಷ್ಟ ದೇವರಿಗೇ ಗೊತ್ತು. ಒಂದು ಕಡೆ ಬರೆದೇ ಬಿಟ್ಟಿದ್ದೆ, ವಕೀಲೆ ಕೆಂಪು ಗೆರೆ ಎಳೆದರು.

ನ್ಯಾಯಾಲಯದ ತೀರ್ಮಾನ ನ್ಯಾಯಾಲಯದಲ್ಲೇ ಆಗಲಿ, ದಿನಾಂಕ ಬಂದಾಗ ಬರಲಿ. ನನ್ನ ತಕರಾರು ಆಮೇಲೆ ನಡೆದದ್ದರ ಬಗ್ಗೆ. ಕಾಗದ ತಮ್ಮ ಕೈಸೇರಿದ ಮರುದಿನವೇ ತಮ್ಮ ಪೇದೆ ಬೂದೆಪ್ಪನ ಮನೆ ಬಾಗಿಲಿಗೆ ಬಂದರು. "ನಿನ್ನ ಮ್ಯಾಲಿಂದ ಮ್ಯಾಲ ಠಾಣಾಕ್ಕ ಕರೀತಾರ ಅಂತ ಕೋರ್ಟಿಗಿ ಹಾಕೀಯಂತಲ್ಲ, ಅದರ ವಿಚಾರಣಿ ಅದ, ನಾಳಿ ಹತ್ತಕ್ಕ ಬಾ" ಎಂದರು. ಠಾಣೆಗೆ ಕರೆಯುತ್ತಾರೆ ಎಂಬ ದೂರಿನ ವಿಚಾರಣೆಗೆ ಠಾಣೆಗೇ ಕರೆಯುವ ಬುದ್ಧಿ ಎಲ್ಲರಿಗೂ ಹೊಳೆಯುವುದಿಲ್ಲ. ನಲವತ್ನಾಲ್ಕನೆಯ ಭೇಟಿಯನ್ನು ತಾವು ಹೀಗೆ ಗಳಿಸಿಕೊಂಡಿರಿ.

ಆಗಲೇ ನಾನು ತಮ್ಮ ಬಳಿಗೆ ಬಂದದ್ದು. ಕೊಡಲಿ ನನ್ನದು ಎಂದು ಒಪ್ಪಿಕೊಂಡೆ. ತಾವು, "ನೀವು ದೂರುದಾರರೂ ಅಲ್ಲ, ಆರೋಪಿಯೂ ಅಲ್ಲ, ನಿಮ್ಮ ಹೇಳಿಕೆ ಯಾವ ಕಾಲಂನಲ್ಲಿ ಹಾಕಲಿ?" ಎಂದಿರಿ. ಎರಡನೇ ಸಲ ಬಂದಾಗ ಬರೆದೇ ತಂದಿದ್ದೆ. ತಾವು ಓದಿ, "ಇದರಲ್ಲಿ ನಂಬುವಂಥದ್ದು ಏನಿದೆ?" ಎಂದು ವಾಪಸು ಕೊಟ್ಟಿರಿ. ಬಡೇಬೀಯ ಕೋಳಿಯಿಂದ ಈಚೆಗೆ ಪೊಲೀಸರಿಗೆ ನಾನು ಬರೆದ ಏಕೈಕ ಸತ್ಯವಾದ ಕಾಗದ ಅದು, ಅದೊಂದನ್ನು ತಾವು ನಂಬಲಿಲ್ಲ.

ಇಲ್ಲಿಯವರೆಗೆ ನಕ್ಕು ಬರೆದೆ. ಇನ್ನು ಮುಂದೆ ನಗು ಬರುವುದಿಲ್ಲ. ದೀಪಾವಳಿ ಅಮಾವಾಸ್ಯೆ ಮುಗಿದ ಮೇಲೆ ನಮ್ಮ ಕಡೆಯ ಹಿಂಡುಗಳೆಲ್ಲ ಮೇವು ಹುಡುಕಿಕೊಂಡು ರಾಯಚೂರಿನ ಕಡೆ ಹೋಗುತ್ತವೆ. ಕಲ್ಮಲ, ಯಾಪಲದಿನ್ನಿ, ಗುಂಜಹಳ್ಳಿಯ ಹೊಲಗಳಲ್ಲಿ ಕೊಯ್ಲಾದ ಕೂಳೆ ಇರುತ್ತದೆ. ಬೂದೆಪ್ಪನ ಅಜ್ಜನ ಕಾಲದಿಂದ ಅದೇ ದಾರಿ. ಬೇಸಿಗೆ ಮುಗಿಯುವವರೆಗೆ ತಿರುಗಿ ಬರುವುದಿಲ್ಲ. ಈ ಸಲ ಉಳಿದ ಹಿಂಡುಗಳು ಹೋಗಿ ಹನ್ನೆರಡು ದಿನವಾದರೂ ಬೂದೆಪ್ಪನ ಹಿಂಡು ಅಲ್ಲಾಡಿರಲಿಲ್ಲ. ಠಾಣೆಯ ಹದ್ದು ಬಿಟ್ಟು ಹೋಗಬೇಡ ಎಂದು ತಾವು ಅವನಿಗೆ ಹೇಳಿದ್ದಿರಿ, ಅವನು ಅದನ್ನು ಪಾಲಿಸುತ್ತಿದ್ದ. ಊರ ಸುತ್ತ ಕರಕಿ ಹುಲ್ಲು ಕೂಡ ಉಳಿದಿರಲಿಲ್ಲ.

ಕಳೆದ ಸೋಮವಾರ ಅವನ ಹೆಂಡತಿ ಅಯ್ಯಮ್ಮ ನನ್ನ ಮೇಜಿನ ಮುಂದೆ ಬಂದು ನಿಂತಳು. ಕಂಕುಳಲ್ಲಿ ಒಂದು ಮರಿ ಇತ್ತು. ಅದರ ಪಕ್ಕೆಲುಬುಗಳನ್ನು ಕುಳಿತಲ್ಲಿಂದಲೇ ಎಣಿಸಬಹುದಾಗಿತ್ತು. ಅವಳು ಜಗಳ ಮಾಡಲಿಲ್ಲ.

"ಆಚಾರ್ರ, ಎರಡು ಮರಿ ಸತ್ವು. ತಾಯಿಗೋಳಿಗೆ ಹಾಲು ಬತ್ಯಾವ. ನಮ್ಮ ಮನಿಯವ್ರನ್ನ ಬಿಟ್ಟು ನಾನೊಬ್ಬಾಕಿ ಹ್ಯಾಂಗ ಹೊಡಕೊಂಡು ಹೋಗ್ಲಿ? ಆ ಕೊಡ್ಲಿ ನೀವಾ ಬರದದ್ದಂತ. ನೀವಾ ತಗೀರಿ" ಎಂದಳು.

ನನಗೆ ಬಹಳ ನಾಚಿಕೆಯಾಯಿತು. ಬಡೇಬೀಯ ಕೋಳಿ, ಅಜ್ಜನ ಕುಲ್ಹಾಡಿ, ನನ್ನ ಏಕಾದಶಿ ಎಲ್ಲ ಸೇರಿಸಿದರೂ ಆ ಎರಡು ಮರಿಗಳಿಗೆ ಸಮವಾಗಲಿಲ್ಲ. ಮರಿ ನನ್ನ ಮೇಜಿನ ಮೇಲಿದ್ದ ಖಾಲಿ ಅರ್ಜಿಯನ್ನು ತಿನ್ನಲು ಬಾಯಿ ಚಾಚಿತು. ಆಗ ನನ್ನ ಬಾಯಿಂದ ಮಾತು ಹೊರಬಿತ್ತು. "ಸಾಹೇಬ್ರು ಹೋಗ್ರಿ ಅಂದಾರವ್ವಾ. ನಿನ್ನಿ ನನ್ನ ಮುಂದನಾ ಹೇಳ್ಯಾರ. ನಾಳಿನಾ ಹೊರಡ್ರಿ" ಎಂದೆ.

"ಖರೇನಾ?" ಎಂದಳು.

"ಖರೇ" ಎಂದೆ.

ಅವಳು ಮರಿಯನ್ನು ಕೆಳಗಿಟ್ಟು, ತಮ್ಮ ಠಾಣೆ ಇರುವ ದಿಕ್ಕಿಗೆ ತಿರುಗಿ ಕೈ ಮುಗಿದಳು. "ಪುಣ್ಯಾತ್ಮ. ಅವನ ಮಕ್ಕಳು ಮರಿ ತಣ್ಣಗಿರ್ಲಿ" ಎಂದಳು. ಆ ಹಾರೈಕೆ ಈಗಾಗಲೇ ತಮ್ಮನ್ನು ತಲುಪಿದೆ, ತಮಗೆ ಅದನ್ನು ವಾಪಸು ಕಳಿಸಲು ಬರುವುದಿಲ್ಲ. ಮಂಗಳವಾರ ಬೆಳಿಗ್ಗೆ ಬೂದೆಪ್ಪ, ಅಯ್ಯಮ್ಮ, ಟಗರು ಮತ್ತು ಉಳಿದ ಹಿಂಡು ಹೊರಟರು. ಅವರು ಎಲ್ಲಿದ್ದಾರೆಂದು ನಾನು ಯಾವ ಕಾರಣಕ್ಕೂ ಹೇಳುವುದಿಲ್ಲ. ಮೂರೂ ಊರಿನ ಹೆಸರು ಮೇಲೆ ಬರೆದುಬಿಟ್ಟಿದ್ದೇನೆ ಎಂಬುದು ಈಗ ಕಂಡಿತು, ಅದನ್ನು ಓದಲಿಲ್ಲವೆಂದು ತಿಳಿಯಿರಿ. ಬೂದೆಪ್ಪನ ತಪ್ಪು ಇದರಲ್ಲಿ ಏನೂ ಇಲ್ಲ. ತಮ್ಮ ಅಪ್ಪಣೆಯಾಗಿದೆ ಎಂದೇ ನಂಬಿ ಅವನು ಹೋಗಿದ್ದಾನೆ. ಬೆಂಚು ಖಾಲಿ ಇರಬಾರದು ಎಂದಾದರೆ ನಾನು ನಾಳೆಯಿಂದ ಹತ್ತಕ್ಕೆ ಬಂದು ಕೂರುತ್ತೇನೆ. ಏಕಾದಶಿಯ ದಿನ ಮಾತ್ರ ಚಹ ಬೇಡ.

ಆದ್ದರಿಂದ ನನ್ನ ಬೇಡಿಕೆ ಇಷ್ಟೇ. ನಾನು ತಮಗೆ ಎರಡು ಸುಳ್ಳು ಕೊಟ್ಟಿದ್ದೇನೆ. ಮೊದಲನೆಯದು ಒಬ್ಬ ಬಡವನ ಕೈಗೆ ಕೊಡಲಿ ಕೊಟ್ಟಿತು. ಅದನ್ನು ತಾವು ಓದಿದ ಕೂಡಲೇ ನಂಬಿದಿರಿ, ಆರು ತಿಂಗಳು ಬಿಡದೆ ಸಾಕಿದಿರಿ. ಎರಡನೆಯದು ಅದಕ್ಕಿಂತ ಚಿಕ್ಕದು, ಸಾಹೇಬರು ಹೋಗೆಂದರು ಎಂಬುದು. ಮೊದಲನೆಯದನ್ನು ನಿಜ ಮಾಡಲು ತಮ್ಮಿಂದ ಆಗಲಿಲ್ಲ. ಇದನ್ನು ನಿಜ ಮಾಡಲು ಒಂದು ಮಾತು ಸಾಕು. ಆ ಮಾತನ್ನು ಹೇಳಿ.

ಇಂತಿ,
ತಮ್ಮ ಠಾಣೆಯವರು ಹುಡುಕುತ್ತಿರುವ ಕೊಡಲಿಯನ್ನು ಹುಟ್ಟಿಸಿ, ಈಗ ಅದನ್ನು ಹೂಳಲು ಜಾಗ ಹುಡುಕುತ್ತಿರುವ
ವಿದ್ಯಾಧೀಶ
ಅರ್ಜಿ ಬರಹಗಾರ, ಬೇವಿನ ಮರದ ಕೆಳಗೆ, ದೇವದುರ್ಗ
(ನಾಳೆಯಿಂದ: ತಮ್ಮ ಬೆಂಚಿನ ಮೇಲೆ)